ಟಿವಿಗೆ ಕೊಟ್ಟ ಮಾತು

ನಮ್ಮೂರಿನವರು ಟಿವಿಯಲ್ಲಿ ಆಡಿದ ಮಾತು ಟಿವಿಗೇ ಸೇರಿತು. ಆಮೇಲೆ ಅದು ಅವರ ಕಿವಿಗೆ ಕೇಳುತ್ತದೆ, ತಲೆಯಲ್ಲೂ ಇರುತ್ತದೆ, ಬಾಯಿಗೆ ಮಾತ್ರ ಬರುವುದಿಲ್ಲ. ಮತ್ತೆ ಟಿವಿಯವರ ಕ್ಯಾಮೆರಾ ಎದುರು ನಿಂತರೆ ಸಲೀಸಾಗಿ ಬರುತ್ತದೆ. ಕ್ಯಾಮೆರಾ ಅತ್ತ ತಿರುಗಿತೋ, ಇತ್ತ ನಾಲಿಗೆ ಒಣಗಿತು. ಹಾಲು ಹಾಕುವ ಗುರುಬಸಪ್ಪ ಒಮ್ಮೆ ಬೆಲೆ ಏರಿಕೆಯ ಸುದ್ದಿಗೆಂದು ಬಂದವರ ಮೈಕಿಗೆ ಬಾಯಿ ಕೊಟ್ಟು "ಹಾಲು" ಎಂದುಬಿಟ್ಟ. ಅಂದಿನಿಂದ ಬೀದಿಯುದ್ದಕ್ಕೂ ಸೈಕಲ್ ಬೆಲ್ಲು ಬಾರಿಸಿಕೊಂಡು ಹೋಗುತ್ತಾನೆ. ನಾವು ಬೆಲ್ಲಿನ ಸದ್ದಿಗೆ ಪಾತ್ರೆ ಹಿಡಿದುಕೊಂಡು ಬಾಗಿಲಿಗೆ ಬರುತ್ತೇವೆ. ಅದಕ್ಕಾಗಿ ಯಾರೂ ಅತ್ತು ಕರೆದು ಮಾಡಲಿಲ್ಲ.

ರಾಜಕೀಯದವರ ಪಾಡು ಬೇರೆ. ಟಿವಿಯಲ್ಲಿ ಮಾತಾಡದಿದ್ದರೆ ಹೊಟ್ಟೆಪಾಡಿಲ್ಲ, ಮನೆಯಲ್ಲಿ ಮಾತಾಡದಿದ್ದರೆ ಬದುಕಿಲ್ಲ. ಹಿಂದಿನ ಎಂಎಲ್‌ಎ ರುದ್ರಮುನಿ ಗೆದ್ದ ಹುಮ್ಮಸ್ಸಿನಲ್ಲಿ "ಮನೆ ಮನೆಗೂ ನೀರು ಕೊಡ್ತೀನಿ" ಎಂದು ಕ್ಯಾಮೆರಾ ಮುಂದೆ ತೊಡೆ ತಟ್ಟಿದ. ಮನೆಗೆ ಬಂದು ಬಾಯಾರಿ ಕೂತ, ಕೇಳುವುದಕ್ಕೆ ಮಾತಿಲ್ಲ. ಹೆಬ್ಬೆರಳನ್ನು ಬಾಯಿಯ ಕಡೆ ಬಗ್ಗಿಸಿ ತೋರಿಸಿದ. ಅವನ ಹೆಂಡತಿ "ಗೆದ್ದು ಒಂದ್ ರಾತ್ರಿ ಕಳೆದಿಲ್ಲ, ಆಗ್ಲೇ ಕುಡಿಯೋಕೆ ಶುರು ಹಚ್ಕೊಂಡ್ರಾ?" ಎಂದು ಒಳಗೆ ಹೋಗಿ ಬಾಗಿಲು ಹಾಕಿಕೊಂಡಳಂತೆ. ಅಲ್ಲಿಂದಾಚೆ ನಮ್ಮ ಮುಖಂಡರಿಗೆಲ್ಲ ಬುದ್ಧಿ ಬಂತು. ನೀರನ್ನು ಜಲಸಂಪನ್ಮೂಲ ಎಂದರು, ಅನ್ನವನ್ನು ಆಹಾರಧಾನ್ಯ ಎಂದರು. ಮನೆಯಲ್ಲಿ ಯಾರಿಗೂ ಬೇಡದ ಮಾತುಗಳನ್ನು ಹುಡುಕಿ ಹುಡುಕಿ ಟಿವಿಗೆ ಹಾಕತೊಡಗಿದರು. ಅಭಿವೃದ್ಧಿ, ಬದ್ಧತೆ, ಸಮಗ್ರ, ಇಂಥವು ಹೋದರೆ ಯಾರಪ್ಪನ ಗಂಟು ಹೋಯಿತು? ಬೇರೆ ಊರುಗಳ ರಾಜಕಾರಣಿಗಳೂ ಹೀಗೇ ಮಾತಾಡುವುದನ್ನು ಕೇಳಿದ್ದೇನೆ. ಅವರ ಕಷ್ಟ ಏನೋ ನನಗೆ ಗೊತ್ತಿಲ್ಲ.

ಈಗಿನ ಎಂಎಲ್‌ಎ ಬೋರಲಿಂಗ ನನ್ನ ತಮ್ಮ. ಅವ್ವ ತೀರಿಕೊಂಡಾಗ ಅವನಿನ್ನೂ ಅಂಬೆಗಾಲಿಡುತ್ತಿದ್ದ, ನಾನು ಲಂಗ ದಾವಣಿಯ ಹುಡುಗಿ. ಅಪ್ಪನಿಗೆ ಇದ್ದದ್ದು ಒಂದು ಹಿಟ್ಟಿನ ಗಿರಣಿ. ರಾಗಿ ಮೂಟೆಗಳ ಸಂದಿಯಲ್ಲಿ ಗೋಣಿತಾಟು ಹಾಸಿ ಮಲಗಿಸಿ ಅವನನ್ನು ಸಾಕಿದೆ. ಗಿರಣಿ ಓಡುವಾಗ ಪಕ್ಕದಲ್ಲಿ ಗುಡುಗಿದರೂ ಕೇಳುವುದಿಲ್ಲ. ಹಸಿವಾದರೆ, ಬಿದ್ದು ಮಂಡಿ ತರಚಿದರೆ, ಇಸ್ಕೂಲಲ್ಲಿ ಯಾರಾದರೂ ಹೊಡೆದರೆ, ಬಾಗಿಲಲ್ಲಿ ನಿಂತು ಗಂಟಲು ಹರಿಯುವ ಹಾಗೆ "ಅಕ್ಕಾ!" ಎಂದು ಕೂಗುತ್ತಿದ್ದ. ನಾನು ಹಿಟ್ಟು ಮೆತ್ತಿದ ಮುಖವನ್ನು ಎತ್ತಿ "ಓ" ಎನ್ನುತ್ತಿದ್ದೆ. ದೊಡ್ಡವನಾದ ಮೇಲೂ ಅದೇ. ಎಂಎಲ್‌ಎ ಆಗಿ ಕಾರಿನಲ್ಲಿ ಬಂದು ಇಳಿದರೂ ಗನ್‌ಮ್ಯಾನ್ ಎದುರಿಗೇ ಬಾಗಿಲಲ್ಲಿ ನಿಂತು "ಅಕ್ಕಾ!" ಎಂದು ಅರಚುತ್ತಿದ್ದ. ಅವನಿಗೆ ಮೆತ್ತಗೆ ಆ ಮಾತು ಆಡಲಿಕ್ಕೇ ಬರುತ್ತಿರಲಿಲ್ಲ. ಅಪ್ಪ ಹೋದ ಮೇಲೂ ನಾನು ಗಿರಣಿ ಬಿಡಲಿಲ್ಲ, ಮದುವೆ ಗಿದುವೆ ಎಂದು ಹೋಗಲೂ ಇಲ್ಲ. ನನ್ನನ್ನು ಊರೆಲ್ಲ ಗಿರಣಿ ದೇವೀರಮ್ಮ ಎನ್ನುತ್ತದೆ. ಈ ಭೂಮಿ ಮೇಲೆ ನನ್ನನ್ನು ಅಕ್ಕ ಎನ್ನುವವನು ಅವನೊಬ್ಬನೇ.

ಟಿವಿಯವರಿಗೆ ಬೋರಲಿಂಗ ಎಂದರೆ ಅಚ್ಚುಮೆಚ್ಚು. ಬಿಳಿ ಅಂಗಿ, ತುಂಬು ಮುಖ, ಕರೆದಾಗಲೆಲ್ಲ ಬರುತ್ತಾನೆ. ಸಂಜೆಯ ಚರ್ಚೆಯಲ್ಲಿ ಆರು ಚೌಕದೊಳಗೆ ಆರು ಜನ ಕೂತು ಕೋಳಿ ಪಂದ್ಯ ಆಡುತ್ತಾರಲ್ಲ, ಅದರಲ್ಲಿ ಎಡಗಡೆಯ ಕೆಳಗಿನ ಚೌಕ ಇವನದ್ದೇ ಎಂಬಂತಾಗಿತ್ತು. ಮಾತುಗಳೂ ಒಂದೊಂದಾಗಿ ಹೋದವು. ಮೊದಲ ಸಲವೇ ಮೈಮರೆತು "ತಾಯಂದಿರೇ" ಎಂದುಬಿಟ್ಟಿದ್ದ. ಅವನ ಹೆಂಡತಿಯ ಹೆಸರು ಪುಟ್ಟತಾಯಿ. ಮನೆಗೆ ಬಂದು ಕರೆಯಲು ಹೋದರೆ "ಪುಟ್ಟ" ಎಂಬಲ್ಲಿಗೆ ನಿಂತುಹೋಯಿತು. ಅವಳಿಗೆ ಅದು ಇಷ್ಟವೇ ಆಯಿತೆನ್ನಿ. "ಮದುವೆಯಾಗಿ ಇಷ್ಟು ವರ್ಷಕ್ಕೆ ಈಗ ಮುದ್ದು ಬಂದಿದೆ ನಿಮ್ಮ ತಮ್ಮಂಗೆ" ಎಂದು ನನ್ನ ಹತ್ತಿರ ಬಂದು ನಗುತ್ತಿದ್ದಳು. "ಪ್ರೀತಿಯ ಮತದಾರರೇ" ಎಂದು ಪ್ರೀತಿಯನ್ನೂ ಕಳೆದುಕೊಂಡು ಬಂದಾಗ ಮಾತ್ರ ಅವಳು ನಗಲಿಲ್ಲ, ಎರಡು ದಿನ ಮುಖ ಊದಿಸಿಕೊಂಡಿದ್ದಳು.

ಆಮೇಲೆ ಅವನೂ ಎಲ್ಲರಂತೆ ರಿಟೈರಾದ ಕನ್ನಡ ಮೇಷ್ಟ್ರು ಶಾಮಣ್ಣನವರ ಜಗಲಿ ಹತ್ತಿದ. ಯಾವ ಮಾತಿನ ಬದಲು ಯಾವ ಮಾತು ಹಾಕಿದರೆ ಮನೆ ಉಳಿಯುತ್ತದೆ ಎಂದು ಹೇಳಿಕೊಡುವುದರಲ್ಲಿ ಮೇಷ್ಟ್ರು ನಿಸ್ಸೀಮರು. ಬೋರಲಿಂಗ ಕೇಳಿದ ಮೊದಲ ಪ್ರಶ್ನೆಯೇ ನನ್ನ ವಿಷಯದ್ದು. "ಅಕ್ಕಂದಿರೇ ಅಂದ್ರೆ ಏನಾಗ್ತದೆ ಮೇಷ್ಟ್ರೇ? ಅದು ಬೇರೆ ಮಾತಲ್ವಾ?" ಮೇಷ್ಟ್ರು ನಶ್ಯ ಏರಿಸಿ, "ಬಾಲ ಎಷ್ಟುದ್ದ ಆದ್ರೇನಪ್ಪಾ, ಹಸು ಹೋದ್ಮೇಲೆ ಬಾಲನೂ ಹೋಯ್ತು. ಸಹೋದರಿಯರೇ ಅನ್ನು" ಎಂದರು. ಅಲ್ಲಿಂದ ಎಷ್ಟು ಚುನಾವಣೆ ಬಂದವು, ಎಷ್ಟು ಚರ್ಚೆ ಆದವು. ಎದುರಾಳಿಗಳು "ಅಕ್ಕ ತಂಗಿಯರೇ" ಎಂದು ಕಣ್ಣೀರು ಸುರಿಸಿ ಹೆಂಗಸರ ಓಟು ಬಾಚಿಕೊಳ್ಳುತ್ತಿದ್ದರೂ ಇವನು "ಸಹೋದರಿಯರೇ" ಎಂದು ಒಣಗಿದ ಕೊಬ್ಬರಿಯ ಹಾಗೆ ಮಾತಾಡಿಕೊಂಡು ಕೂತ. ಅದನ್ನು ಕೇಳಿದಾಗಲೆಲ್ಲ ನನಗೆ ಒಳಗೊಳಗೇ ಹಿಗ್ಗು. ಸುಳ್ಳು ಯಾಕೆ ಹೇಳಲಿ.

ನಮ್ಮೂರಿಗೂ ಹೊಳೆಯ ಆಚೆದಡಕ್ಕೂ ಇರುವುದು ಒಂದೇ ತೂಗುಸೇತುವೆ. ಮರದ ಹಲಗೆ, ಎರಡು ಕಡೆ ಉಕ್ಕಿನ ಹಗ್ಗ. ಆಚೆದಡಕ್ಕೆ ಬೇರೆ ರಸ್ತೆಯೂ ಉಂಟು, ಆದರೆ ಬೆಟ್ಟ ಬಳಸಿಕೊಂಡು ಹೋಗಬೇಕು, ಅರ್ಧ ದಿನ ಅದಕ್ಕೇ ಬೇಕು. ಹಾಗಾಗಿ ರೇಷನ್ನು, ಆಸ್ಪತ್ರೆ, ನನ್ನ ಗಿರಣಿ, ಎಲ್ಲಕ್ಕೂ ಆ ಕಡೆಯ ಹೆಂಗಸರು ತಲೆ ಮೇಲೆ ಮೂಟೆ ಹೊತ್ತು ಸೇತುವೆಯ ಮೇಲೆ ತೂಗಾಡಿಕೊಂಡೇ ಬರುತ್ತಾರೆ. ಮಳೆಗಾಲ ಮುಗಿದು ಹೊಳೆ ಇನ್ನೂ ತುಂಬಿ ಹರಿಯುತ್ತಿದ್ದಾಗ ಇಂಜಿನಿಯರು ಬಂದು ನೋಡಿ, ಹಗ್ಗದ ಎಳೆಗಳು ತುಕ್ಕು ಹಿಡಿದು ಹರಿದಿವೆ, ಜನ ಹತ್ತಬಾರದು ಎಂದ. ಬೋರಲಿಂಗ ರಾಜಧಾನಿಯಲ್ಲಿದ್ದ. ಸುದ್ದಿ ಮುಟ್ಟಿದ ಸಂಜೆಯೇ ತಡಮಾಡದೆ ಟಿವಿಯಲ್ಲಿ ಹೇಳಿದ. ಅವನು ಕರ್ತವ್ಯ ಮರೆತ ಎಂದು ಯಾರೂ ಹೇಳುವಂತಿಲ್ಲ. ಹೇಳಿದ ಬಗೆ ಮಾತ್ರ ಹೀಗೆ: "ಸಹೋದರ ಸಹೋದರಿಯರೇ, ಸದರಿ ತೂಗುಸೇತುವೆಯ ಬಳಕೆಯನ್ನು ತಕ್ಷಣದಿಂದ ಜಾರಿಗೆ ಬರುವಂತೆ ನಿರ್ಬಂಧಿಸಲಾಗಿದೆ." ಅದನ್ನೇ ಒಂದು ಬೋರ್ಡಿಗೆ ಬರೆಸಿ ಸೇತುವೆಯ ಬಾಯಲ್ಲಿ ನೆಟ್ಟರು.

ಮಾರನೆಯ ದಿನ ಆಚೆದಡದ ಕೆಂಪಾಜಮ್ಮ ಗಿರಣಿಗೆ ಬಂದಳು. ತಲೆ ಮೇಲೆ ರಾಗಿ ಮೂಟೆ, ಕೈಯಲ್ಲಿ ಹಗ್ಗ, ಹಗ್ಗದ ತುದಿಗೆ ಒಂದು ಎಮ್ಮೆ ಕರು.

"ಇದನ್ನೆಲ್ಲಿಂದ ಹೊಡಕೊಂಡ್ ಬಂದೆ?" ಎಂದೆ.

"ತೂಗುಸೇತುವೆ ಮೇಲಿಂದ್ಲೇ. ಡಾಕ್ಟ್ರಿಗೆ ತೋರ್ಸೋಣ ಅಂತ."

"ನಿಂಗೇನು ತಲೆ ಕೆಟ್ಟಿದ್ಯಾ? ಮೊನ್ನೆವರೆಗೂ ಕೋಳಿ ಕಂಕುಳಲ್ಲಿ ಇಟ್ಕೊಂಡು ಬರೋಕೂ ಹೆದರ್ತಿದ್ದೆ!"

"ಮೊನ್ನೆ ಬೇರೆ, ಇವತ್ತು ಬೇರೆ ಕಣಮ್ಮ" ಎಂದು ಅವಳು ಮೂಟೆ ಇಳಿಸಿದಳು. "ನಿನ್ ತಮ್ಮನೇ ಟಿವೀಲಿ ಹೇಳ್ಲಿಲ್ವಾ? ಜಾರದ ಹಂಗೆ ಬಂಧಿಸವ್ರೆ ಅಂತ. ಬೋರ್ಡೇ ಹಾಕವ್ರೆ. ನಮ್ಮಟ್ಟಿ ಹುಡುಗ ಓದಿ ಹೇಳ್ದ. ನಿರ್ಬಂಧ ಅಂದ್ರೆ ಬಂಧಕ್ಕಿಂತ ಗಟ್ಟಿಯಂತೆ. ನಿಂತ್ಕೊಂಡು ಕುಣಿದ್ರೂ ಏನೂ ಆಗಾಕಿಲ್ಲ."

ನನಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಸೇತುವೆ ಹರಿದಿದೆ, ಹತ್ತಬೇಡ ಎಂದು ಬಿಡಿಸಿ ಹೇಳಿದೆ. ಅವಳು ನನ್ನನ್ನೇ ಮರುಕದಿಂದ ನೋಡಿದಳು. "ಎಂಎಲ್‌ಎನೇ ಹೇಳಿದ್ಮೇಲೆ ಗಿರಣಿಯವರ ಮಾತು ಕೇಳ್ತಾರಾ ದೇವೀರಮ್ಮ? ನಾಳಿದ್ದು ರೇಷನ್ನು. ನಮ್ಮೂರ್ ಊರೇ ಬರ್ತದೆ ನೋಡ್ತಿರು, ಮಕ್ಕಳು ಮರೀನೂ ಕರ್ಕೊಂಡು ಬತ್ತೀವಿ. ಇಷ್ಟು ದಿನ ಭಯಕ್ಕೆ ಬಿಟ್ಟು ಬರ್ತಿದ್ವಿ." ಕರುವನ್ನು ಎಳೆದುಕೊಂಡು ಡಾಕ್ಟರ ಹತ್ತಿರ ಹೋದಳು. ಸೇತುವೆಯ ಬಾಯಲ್ಲಿ ಒಬ್ಬ ಪೋಲೀಸಪ್ಪನನ್ನು ನಿಲ್ಲಿಸಿದ್ದರಂತೆ. ಅವನು ಈ ಹೊಸ ಬಂದೋಬಸ್ತನ್ನು ಕಾಯಲಿಕ್ಕೆ ನಿಂತಿದ್ದಾನೆ ಎಂದುಕೊಂಡು ಜನ ಅವನಿಗೆ ಮಜ್ಜಿಗೆ ಕೊಟ್ಟು ಮುಂದಕ್ಕೆ ಹೋಗುತ್ತಿದ್ದರು.

ರೇಷನ್ನಿನ ಹಿಂದಿನ ಸಂಜೆ ಬೋರಲಿಂಗ ಸ್ಟುಡಿಯೋಗೆ ಹೊರಡುವ ಮುಂಚೆ ಫೋನು ಮಾಡಿದ. ವಿಷಯ ಅವನಿಗೆ ಅಷ್ಟರಲ್ಲಿ ಮುಟ್ಟಿತ್ತು. ನಾನು ಗಿರಣಿ ನಿಲ್ಲಿಸಿ ರಿಸೀವರು ಎತ್ತಿದೆ. "ಇವತ್ತು ಸರಿಯಾಗಿ ಹೇಳ್ತೀನಿ ಅಕ್ಕಾ" ಎಂದ. "ಹೋಗಬೇಡಿ, ಬೀಳ್ತೀರಿ, ಸಾಯ್ತೀರಿ ಅಂತ್ಲೇ ಹೇಳ್ತೀನಿ. ಆ ಮಾತೆಲ್ಲ ಹೋದ್ರೆ ಹೋಗ್ಲಿ. ಆದ್ರೆ ಚರ್ಚೆ ಮಂತ್ರಿಮಂಡಲದ ಮೇಲೆ. ಆರು ಜನ ಕಿರುಚಾಡ್ತಾರೆ. ನಂಗೆ ಸಿಗೋದು ಒಂದು ಉಸಿರಿನಷ್ಟು ಹೊತ್ತು. ಆಚೆದಡದವ್ರು ಅಡುಗೆ ಮಾಡ್ತಾ ಟಿವಿ ಹಚ್ಚಿರ್ತಾರೆ ಅಷ್ಟೇ, ಯಾರು ಕಿವಿ ಕೊಡ್ತಾರೆ?"

ಅವನು ಹೇಳಿದ್ದು ನಿಜವೇ. ಒಲೆಯ ಮುಂದೆ ಕೂತ ಹೆಂಗಸಿಗೆ ಟಿವಿಯ ಗಲಾಟೆಯೂ ನನ್ನ ಗಿರಣಿಯ ಗಲಾಟೆಯೂ ಒಂದೇ. ಆ ಸದ್ದಿನೊಳಗಿಂದ ಒಬ್ಬಳ ತಲೆ ಎತ್ತಿಸುವುದು ಎಂಥ ಮಾತಿಗೆ ಸಾಧ್ಯ ಎಂದು ನನಗಿಂತ ಬೇರೆ ಯಾರಿಗೆ ಗೊತ್ತು. ಗೊತ್ತಿದ್ದೂ ಬಾಯಿ ಬರಲಿಲ್ಲ. ನಿಂತ ಗಿರಣಿಯ ಬೆಲ್ಟು ಇನ್ನೂ ಮೆಲ್ಲಗೆ ಅಲ್ಲಾಡುತ್ತಿತ್ತು, ನಾನು ಅದನ್ನೇ ನೋಡುತ್ತ ನಿಂತೆ. ನನ್ನದು ಎಂದು ಈ ಊರಲ್ಲಿ ಇರುವುದು ಅದೊಂದೇ ಮಾತು, ಅದೂ ಬೇರೆಯವರ ಬಾಯಲ್ಲಿ.

"ಬೋರಾ" ಎಂದೆ. "ಗಿರಣಿ ಬಾಗಿಲಲ್ಲಿ ನಿಂತು ನನ್ನ ಹೆಂಗೆ ಕರೀತೀಯೋ ಹಂಗೆ ಕರಿ ಅವ್ರನ್ನ."

"ಅದೊಂದು ಬ್ಯಾಡ" ಎಂದ.

"ಬ್ಯಾಡ ಅಂದ್ರೆ? ಮಕ್ಕಳ್ನ ಕರ್ಕೊಂಡು ಬರ್ತವ್ರೆ ಕಣೋ."

"ಶಾಮಣ್ಣ ಮೇಷ್ಟ್ರನ್ನ ಕೇಳೋಣ. ಬೇರೆ ಯಾವ್ದಾದ್ರೂ ಮಾತು..."

"ಬೇರೆ ಮಾತಿಗೆ ನಾನು ಯಾವತ್ತಾದ್ರೂ ತಿರುಗಿ ನೋಡಿದ್ದೀನಾ?"

ಅವನು ಅಳುತ್ತಿದ್ದ. ಎಂಎಲ್‌ಎ ಆದವನು, ನೆರೆತ ಮೀಸೆಯವನು. "ಅಕ್ಕಾ" ಎಂದ. ನಾನು ಓ ಎಂದೆ. ಮತ್ತೆ "ಅಕ್ಕಾ" ಎಂದ, ಮತ್ತೆ ಓ ಎಂದೆ. ಹೇಳಲಿಕ್ಕೆ ಬೇರೇನೂ ಇರಲಿಲ್ಲ. ಹೊತ್ತಾಯಿತು ಸಾರ್ ಎಂದು ಯಾರೋ ಅವನನ್ನು ಕರೆಯುವವರೆಗೂ ಅದನ್ನೇ ಅನ್ನುತ್ತಿದ್ದ, ಊರು ಬಿಟ್ಟು ಹೋಗುವವರು ಬಾವಿಯ ನೀರನ್ನು ಹೊಟ್ಟೆ ಬಿರಿಯುವಷ್ಟು ಕುಡಿಯುತ್ತಾರಲ್ಲ, ಹಾಗೆ. ಮೊದಲ ಸಲ ಅವನ ಬಾಯಲ್ಲಿ ಆ ಮಾತು ಮೆತ್ತಗೆ ಬಂದದ್ದು ಕೇಳಿದೆ.

ಆ ಸಂಜೆ ಪುಟ್ಟತಾಯಿ ಗಿರಣಿಗೇ ಬಂದಳು. ಇಬ್ಬರೂ ಹಿಟ್ಟಿನ ಡಬ್ಬದ ಮೇಲಿಟ್ಟಿರುವ ಸಣ್ಣ ಟಿವಿಯ ಮುಂದೆ ಕೂತೆವು. ಆರು ಚೌಕದಲ್ಲೂ ಬಾಯಿಗಳು ಆಡುತ್ತಿದ್ದವು. ಬೋರಲಿಂಗ ಮಾತ್ರ ಸುಮ್ಮನೆ ಕೂತಿದ್ದ. ಕಾರ್ಯಕ್ರಮ ನಡೆಸುವವನು, ಸಂಪುಟ ವಿಸ್ತರಣೆಯಲ್ಲಿ ನಿಮ್ಮ ಹೆಸರು ಉಂಟಂತಲ್ಲ ಎಂದು ಇವನ ಕಡೆ ತಿರುಗಿದ. ಆಗ ಇವನು ಕುರ್ಚಿಯಿಂದ ಎದ್ದ. ಚೌಕದಲ್ಲಿ ತಲೆ ಕಾಣದೆ ಅಂಗಿಯ ಗುಂಡಿಗಳಷ್ಟೇ ಕಂಡವು. ಕೂಗು ಮಾತ್ರ ಬಂತು.

"ಅಕ್ಕಾ! ಏ ಅಕ್ಕಾ! ಆಚೆದಡದ ಅಕ್ಕಂದಿರಾ, ಇಲ್ಲಿ ನೋಡ್ರೇ! ನಾಳೆ ತೂಗುಸೇತುವೆ ಹತ್ತಬ್ಯಾಡಿ. ಹಗ್ಗ ಹರಿದಿದೆ. ಹೊಳೆಗೆ ಬಿದ್ದು ಸಾಯ್ತೀರಿ. ಮೊನ್ನೆ ನಾನು ಹೇಳಿದ್ದು ನಿಮಗೆ ತಿಳೀಲಿಲ್ಲ, ತಪ್ಪು ನಂದು. ಹೋಗಬ್ಯಾಡಿ ಅಕ್ಕಾ!"

ಅವನ ದನಿ ಕೇಳುತ್ತಲೇ ನನಗರಿಯದೆ "ಓ" ಎಂದಿದ್ದೆ. ಪುಟ್ಟತಾಯಿ ನನ್ನ ಕೈ ಹಿಡಿದುಕೊಂಡಳು. ಟಿವಿಯಲ್ಲಿ ಉಳಿದ ಐದು ಚೌಕದವರು ನಗುತ್ತಿದ್ದರು. ಮಾನ್ಯರಿಗೆ ಇಂದು ಏನಾಗಿದೆ ಎಂದು ನಡೆಸುವವನು ಕೇಳಿ ಜಾಹೀರಾತಿಗೆ ಹೋದ.

ಬೆಳಿಗ್ಗೆ ಸೇತುವೆ ಖಾಲಿ. ರೇಷನ್ ಅಂಗಡಿಯ ಮುಂದೆ ನಮ್ಮೂರಿನವರು ಬಿಟ್ಟರೆ ಒಂದು ನರಪಿಳ್ಳೆಯೂ ಇಲ್ಲ. ಮಧ್ಯಾಹ್ನದ ಮೇಲೆ ಕೆಂಪಾಜಮ್ಮ ಮತ್ತು ಅವಳ ಜೊತೆಯವರು ಬೆಟ್ಟ ಬಳಸಿಕೊಂಡು, ಬೆವರು ಸುರಿಸಿಕೊಂಡು ಬಂದರು. "ಒಲೆ ಮೇಲೆ ಮುದ್ದೆಗಿಟ್ಟಿದ್ದೆ" ಎಂದಳು ಕೆಂಪಾಜಮ್ಮ. "ಅಕ್ಕಾ ಅಂತ ಯಾರೋ ಕೂಗಿದಂಗಾಯ್ತು. ಕೋಲು ಹಿಡ್ಕೊಂಡೇ ಎದ್ದು ಬಂದು ನೋಡಿದ್ರೆ ಟಿವಿ! ನಮ್ಮ ಬೀದೀಲಿ ಎಲ್ಲಾ ಹೆಂಗಸ್ರೂ ಬಾಗಿಲಿಗೆ ಬಂದು ನಿಂತವ್ರೆ, ಯಾರು ಕರೆದಿದ್ದು ಅಂತ." ನಾನು ಅವಳ ಮೂಟೆ ಬಿಚ್ಚಿದೆ.

ಸೇತುವೆ ಅಂದು ಬೀಳಲಿಲ್ಲ. ಮಾರನೆಯ ದಿನವೂ ಬೀಳಲಿಲ್ಲ. ಅದರ ಮರುದಿನ ಎರಡು ನಾಯಿ ಅದರ ಮೇಲೆ ಓಡಾಡಿದವು. ಟಿವಿಯಲ್ಲಿ ಇವನ ಕೂಗನ್ನು ಮತ್ತೆ ಮತ್ತೆ ತೋರಿಸಿ ಹಿಂದಿನಿಂದ ಡೋಲು ಬಾರಿಸಿದರು. ಮಂತ್ರಿ ಪಟ್ಟಿಯಿಂದ ಅವನ ಹೆಸರು ಬಿದ್ದುಹೋಯಿತು. ಬೆಟ್ಟ ಬಳಸಿ ನಡೆದು ಕಾಲು ನೋಯಿಸಿಕೊಂಡವರು, ಎಂಎಲ್‌ಎಗೆ ಹುಚ್ಚು, ಎಂದು ಗಿರಣಿಯಲ್ಲೇ ನನ್ನ ಮುಖ ನೋಡಿಕೊಂಡು ಆಡಿದರು. ಬೋರಲಿಂಗ ಊರಿಗೆ ಬರಲಿಲ್ಲ, ಫೋನೂ ಮಾಡಲಿಲ್ಲ. ಮಾಡಿ ಏನೆಂದು ಕರೆಯುತ್ತಾನೆ? ನಾನು ದಿನವೂ ಗಿರಣಿಯ ಹಿಂಬಾಗಿಲಿನಿಂದ ಸೇತುವೆಯನ್ನು ನೋಡುತ್ತಿದ್ದೆ. ಅದು ಬೀಳದಿರಲಿ ಎಂದು ಹಾರೈಸಬೇಕಾದವಳು. ಆದರೂ, ಇದ್ದ ಒಂದು ಮಾತನ್ನು ಸುಮ್ಮಸುಮ್ಮನೆ ಕೊಟ್ಟುಬಿಟ್ಟೆನಾ ಎನಿಸುತ್ತಿತ್ತು. ಶಾಮಣ್ಣ ಮೇಷ್ಟ್ರು ಒಂದು ದಿನ ಗೋಧಿ ಬೀಸಿಸಲು ಬಂದವರು, "ಕೊಟ್ಟಿದ್ದು ತನಗೆ, ಬಚ್ಚಿಟ್ಟಿದ್ದು ಪರರಿಗೆ ಅಂತಾರಮ್ಮ" ಎಂದರು. ನಿಮ್ಮ ಗಾದೆ ನಿಮ್ಮ ಹತ್ತಿರವೇ ಇರಲಿ ಮೇಷ್ಟ್ರೇ ಎಂದೆ. ಪಾಪ, ಹಿಟ್ಟು ಹಿಡಿದುಕೊಂಡು ಹೋದರು.

ಮುಂದಿನ ವಾರ ಹಾಡಹಗಲಲ್ಲೇ, ಗಾಳಿಯಿಲ್ಲ, ಮಳೆಯಿಲ್ಲ, ಒಂದು ಕಡೆಯ ಹಗ್ಗ ಪಟ್ಟನೆ ಹರಿಯಿತು. ಗಿರಣಿ ಓಡುತ್ತಿದ್ದರೂ ನನಗೆ ಕೇಳಿತು. ಹೊರಗೆ ಓಡಿ ನೋಡಿದರೆ ಹಲಗೆಗಳು ಒಂದೊಂದಾಗಿ ಜಾರಿ ಹೊಳೆಗೆ ಬೀಳುತ್ತಿದ್ದವು. ಯಾರೂ ಇರಲಿಲ್ಲ. ಆಚೆದಡದಲ್ಲಿ ಕೆಂಪಾಜಮ್ಮನೂ ಇನ್ನೂ ಕೆಲವರೂ ಮಕ್ಕಳನ್ನು ಎತ್ತಿಕೊಂಡು ನಿಂತಿದ್ದರು. ಬೋರ್ಡು ಈಚೆದಡದಲ್ಲಿ ನೆಟ್ಟಗೆ ನಿಂತಿತ್ತು. ನಾನು ಹೊಳೆಯ ಅಂಚಿನಲ್ಲಿ ಕೂತು ಮನಸಾರೆ ಅತ್ತೆ. ದುಃಖವೋ ಸಮಾಧಾನವೋ, ಎರಡೂ ಇತ್ತು.

ಈಗ ಅವನ ಗತಿ ಕೇಳಿ. ಆ ಒಂದು ಕೂಗಿನಲ್ಲಿ ಹೋದ ಮಾತುಗಳು ಒಂದೆರಡಲ್ಲ. ಹಗ್ಗ ಹೋಯಿತು, ಹೊಳೆ ಹೋಯಿತು. ಸಾಯಿ ಎಂಬುದೂ ಹೋಯಿತು, ಸಿಟ್ಟು ಬಂದಾಗ ಬೈಯಲೂ ಆಗುವುದಿಲ್ಲ. ಎಲ್ಲಕ್ಕಿಂತ ದೊಡ್ಡ ನಷ್ಟ ನಾಳೆ. ಕೆಲಸ ಕೇಳಿಕೊಂಡು ಬಂದವರಿಗೆ ನಾಳೆ ಬಾ ಎನ್ನಲಾಗದ ಎಂಎಲ್‌ಎಯನ್ನು ನೀವು ಬೇರೆಲ್ಲೂ ಕಂಡಿರಲಾರಿರಿ. ಬಾಯಿ ತೆರೆದು ತಡವರಿಸಿ, ಕೊನೆಗೆ ಬೇರೆ ದಾರಿಯಿಲ್ಲದೆ ಅವತ್ತೇ ಮಾಡಿಕೊಡುತ್ತಾನೆ. ಹೊಸ ಸೇತುವೆ ಅಷ್ಟು ಬೇಗ ಎದ್ದದ್ದು ಹಾಗೆ. ಟಿವಿಯಲ್ಲಂತೂ ಈಗ ಅವನಿಗೆ ಯಾವ ಹಿಡಿತವೂ ಇಲ್ಲ. ಹೋಗುವುದೆಲ್ಲ ಹೋದ ಮೇಲೆ ಇನ್ನೇನು? ಸಂಜೆಯಾದರೆ ಚೌಕದೊಳಗೆ ಕೂತು "ಅಕ್ಕಾ, ನಮ್ಮ ಅಕ್ಕಂದಿರಾ" ಎಂದು ಬಾಯ್ತುಂಬ ಕರೆಯುತ್ತಾನೆ. ನಾಡಿನ ಹೆಂಗಸರೆಲ್ಲ, ಈ ಮನುಷ್ಯ ಮನಸಿನಿಂದ ಕರೆಯುತ್ತಾನೆ ನೋಡು ಎನ್ನುತ್ತಾರಂತೆ. ನಾನು ಆ ಹೊತ್ತಿಗೆ ಟಿವಿ ಆರಿಸಿಬಿಡುತ್ತೇನೆ.

ಸೇತುವೆ ಬಿದ್ದ ಮಾರನೆಯ ದಿನ ಅವನು ಊರಿಗೆ ಬಂದ. ಗಿರಣಿಯಲ್ಲಿ ರಾಗಿ ಬೀಳುತ್ತಿತ್ತು, ಸದ್ದು ಎಂದರೆ ಸದ್ದು. ನಾನು ಬಾಗಿಲಿಗೆ ಬೆನ್ನು ಹಾಕಿ, ಹಿಟ್ಟು ಬೀಳುವ ಮೂತಿಗೆ ಚೀಲ ಕಟ್ಟುತ್ತಿದ್ದೆ. ಕಾರು ಬಂದದ್ದು ಕೇಳಲಿಲ್ಲ. ಅವನು ಬಾಗಿಲಲ್ಲಿ ನಿಂತಿದ್ದು ನೋಡಲೂ ಇಲ್ಲ. ಎಷ್ಟು ಹೊತ್ತು ನಿಂತಿದ್ದನೋ, ಎಷ್ಟು ಸಲ ಬಾಯಿ ತೆರೆದು ಮುಚ್ಚಿದನೋ, ಅದನ್ನು ಆಮೇಲೆ ಅವನ ಜೊತೆ ಬಂದಿದ್ದ ಪುಟ್ಟತಾಯಿ ಹೇಳಿದಳು. ನನಗೆ ಗೊತ್ತಿರುವುದು ಇಷ್ಟೇ. ಯಾರೂ ಕರೆಯಲಿಲ್ಲ. ನಾನು ಚೀಲ ಕೈಬಿಟ್ಟು, ಹಿಟ್ಟು ಮೆತ್ತಿದ ಮುಖವೆತ್ತಿ, ಹಿಂದಕ್ಕೆ ತಿರುಗಿ, "ಓ" ಎಂದೆ.